ಬೊಜ್ಜ ಮುಗಿಯುವ ಮೊದಲೇ ಓಡತೊಡಗುವ ಆರು ತಿಂಗಳು

ಉಡುಪಿ ಜಿಲ್ಲೆಯ ಕಟಪಾಡಿಯಿಂದ ಶಿರ್ವದ ರಸ್ತೆ ಹಿಡಿದು ಸ್ವಲ್ಪ ದೂರ ಹೋಗಿ ಬಲಕ್ಕೆ ಇಳಿದರೆ ಸಿಗುವ ಮನೆ ಅದು. ಚಾವಡಿಯಲ್ಲಿ ಕುಳಿತ ನನ್ನ ಮುಂದೆ ಆಕೆ ಒಂದು ಪ್ಲಾಸ್ಟಿಕ್ ತೊಟ್ಟೆಯನ್ನು ತಂದು ಸುರುವಿದರು. ಮಡಿಕೆಯಲ್ಲಿ ಹರಿಯಲು ಶುರುವಾಗಿದ್ದ ಎಫ್‌ಐಆರ್ ಪ್ರತಿ, ಪಡಿತರ ಚೀಟಿ, ಗಂಡನ ಲೈಸೆನ್ಸ್, ಆಸ್ಪತ್ರೆಯ ಎರಡು ಬಿಲ್ಲು, ಗಾಜು ಒಡೆದ ಮೊಬೈಲ್, ರಬ್ಬರ್ ಬ್ಯಾಂಡ್ ಹಾಕಿದ ಒಂದು ಸಣ್ಣ ಡೈರಿ. "ಇದರಲ್ಲಿ ಯಾವುದು ಬೇಕು, ಯಾವುದು ಬೇಡ ಅಂತ ಗೊತ್ತಾಗುವುದಿಲ್ಲ ಅಣ್ಣ. ಬೊಜ್ಜದ (ಉತ್ತರಕ್ರಿಯೆಯ) ಮರುದಿನ ಒಬ್ಬರು ಬಂದಿದ್ದರು. ಪೊಲೀಸ್ ಪೇಪರ್ ಮತ್ತು ಪೋಸ್ಟ್‌ಮಾರ್ಟಂ ಪೇಪರ್ ಸಾಕು, ಉಳಿದದ್ದು ಬೇಡ ಅಂದರು."

ಗಂಡ ವಯರಿಂಗ್ ಕೆಲಸದವರು. ಹೆದ್ದಾರಿಯಲ್ಲಿ ಸಂಜೆ ಮನೆಗೆ ಬರುವಾಗ ಹಿಂದಿನಿಂದ ಬಂದ ಟಿಪ್ಪರ್ ಬಡಿದು ಹೋದರು. ವಯಸ್ಸು ಮೂವತ್ತನಾಲ್ಕು. ಇಬ್ಬರು ಮಕ್ಕಳು, ವಯಸ್ಸಾದ ಅಮ್ಮ. ಆ ಡೈರಿಯನ್ನು ಆಕೆ ಹಳೇ ಪುಸ್ತಕಗಳ ಜೊತೆ ಬಚ್ಚಲ ಒಲೆಗೆ ಹಾಕಲು ತೆಗೆದಿಟ್ಟಿದ್ದರಂತೆ. ಅತ್ತೆ ನೋಡಿ, ಮಗನ ಕೈಬರಹ ಇರಲಿ ಎಂದು ವಾಪಸ್ ತೆಗೆದಿಟ್ಟರು. ಯಾವ ದಿನ ಯಾರ ಮನೆ ಕೆಲಸ, ಪೂರ್ತಿ ದಿನವೋ ಅರ್ಧ ದಿನವೋ, ಎಷ್ಟು ಬಂತು, ಎಷ್ಟು ಬಾಕಿ ಎಂದು ಎರಡು ವರ್ಷದ ಲೆಕ್ಕ ಅದರಲ್ಲಿತ್ತು. ಪೂರ್ತಿ ದಿನಕ್ಕೆ 900 ರೂಪಾಯಿ. ತಿಂಗಳಿಗೆ ಸುಮಾರು ಇಪ್ಪತ್ತು ದಿನ ಕೆಲಸ.

ಆ ಮನೆಗೆ ಸಿಗಬೇಕಾದ ಪರಿಹಾರದಲ್ಲಿ ಎಂಟು ಲಕ್ಷ ರೂಪಾಯಿ ನಿಂತಿರುವುದು ಆ ಡೈರಿಯ ಮೇಲೆ. ಹೇಗೆ ಎಂದು ಲೆಕ್ಕ ಸಮೇತ ಹೇಳುತ್ತೇನೆ. ಅಪಘಾತದ ಪರಿಹಾರ ಎಂದರೆ ಕೋರ್ಟಿನಲ್ಲಿ ವಕೀಲರು ವಾದ ಮಾಡಿ, ಜಡ್ಜರು ಮನಸ್ಸು ಮಾಡಿ ಕೊಡುವ ಮೊತ್ತ ಎಂದು ನಮ್ಮ ಕಡೆ ಬಹಳ ಮಂದಿ ತಿಳಿದಿದ್ದಾರೆ. ವರ್ಷಗಳ ಕಾಲ ಕೋರ್ಟ್ ವರದಿ ಮಾಡಿ ನಾನು ಕಂಡದ್ದು ಬೇರೆ. ಬಹುಪಾಲು ತೀರ್ಮಾನ ಆಗಿಹೋಗುವುದು ಸಾವಿನ ನಂತರದ ಮೊದಲ ಕೆಲವು ವಾರಗಳಲ್ಲಿ, ಮನೆಯವರು ಇನ್ನೂ ಸರಿಯಾಗಿ ಊಟ ಮಾಡದ ದಿನಗಳಲ್ಲಿ, ಯಾವ ಕಾಗದ ಉಳಿಯಿತು, ಯಾವುದು ಹೋಯಿತು ಎಂಬುದರ ಮೇಲೆ.

ಮೊದಲು ಒಂದು ತಪ್ಪು ತಿಳಿವಳಿಕೆ. "ಕೇಸ್ ನಡೀತಾ ಉಂಟಲ್ಲ" ಎಂದು ಹೇಳಿ ಸುಮ್ಮನಿರುವ ಕುಟುಂಬಗಳನ್ನು ನಾನು ಎಷ್ಟೋ ನೋಡಿದ್ದೇನೆ. ನಡೆಯುತ್ತಿರುವುದು ಪೊಲೀಸ್ ಕೇಸು. ನಿರ್ಲಕ್ಷ್ಯದಿಂದ ಸಾವು ಉಂಟುಮಾಡಿದ ಆರೋಪದಲ್ಲಿ, ಈಗಿನ ಭಾರತೀಯ ನ್ಯಾಯ ಸಂಹಿತೆಯ 106ನೇ ಕಲಂ ಪ್ರಕಾರ, ಚಾಲಕನ ಮೇಲೆ ಮ್ಯಾಜಿಸ್ಟ್ರೇಟ್ ಕೋರ್ಟಿನಲ್ಲಿ ನಡೆಯುವ ವಿಚಾರಣೆ ಅದು. ಅದರಿಂದ ಮನೆಯವರಿಗೆ ಒಂದು ರೂಪಾಯಿಯೂ ಬರುವುದಿಲ್ಲ. ಪರಿಹಾರಕ್ಕೆ ಮೋಟಾರು ವಾಹನ ಕಾಯ್ದೆಯ 166ನೇ ಕಲಂ ಪ್ರಕಾರ ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿಗೆ, ಅಂದರೆ ಕೋರ್ಟ್ ಆವರಣದಲ್ಲಿ ಎಲ್ಲರೂ ಎಂಎಸಿಟಿ ಎಂದು ಕರೆಯುವ ಕಡೆಗೆ, ಪ್ರತ್ಯೇಕ ಅರ್ಜಿ ಹಾಕಬೇಕು. ಚಾಲಕ ಕ್ರಿಮಿನಲ್ ಕೇಸಿನಲ್ಲಿ ಬಿಡುಗಡೆ ಆದರೂ ಪರಿಹಾರದ ದಾರಿ ಮುಚ್ಚುವುದಿಲ್ಲ. ಅಲ್ಲಿ ಸಂಶಯಕ್ಕೆ ಎಡೆಯಿಲ್ಲದ ಸಾಕ್ಷ್ಯ ಬೇಕು, ಇಲ್ಲಿ ಹೀಗೇ ನಡೆದಿರುವ ಸಂಭವ ಹೆಚ್ಚು ಎಂದು ತೋರಿಸಿದರೆ ಸಾಕು. ಅಪಘಾತ ಶಿರಾಡಿ ಘಾಟಿಯಲ್ಲೇ ಆಗಲಿ, ಹುಬ್ಬಳ್ಳಿ ಬೈಪಾಸಿನಲ್ಲೇ ಆಗಲಿ, ಉಡುಪಿಯ ಕುಟುಂಬ ಉಡುಪಿಯಲ್ಲೇ ಅರ್ಜಿ ಹಾಕಬಹುದು. ತಾನು ವಾಸ ಮಾಡುವ ಊರಿನ ನ್ಯಾಯಮಂಡಳಿಯನ್ನು ಆರಿಸಿಕೊಳ್ಳುವ ಹಕ್ಕನ್ನು ಕಾಯ್ದೆಯೇ ಕೊಟ್ಟಿದೆ.

ಈ ಅರ್ಜಿಗೆ ಈಗ ಗಡುವು ಇದೆ. ಅಪಘಾತ ಆದ ದಿನದಿಂದ ಆರು ತಿಂಗಳು.

1988ರಲ್ಲಿ ಕಾಯ್ದೆ ಬಂದಾಗಲೂ ಆರು ತಿಂಗಳ ಮಿತಿ ಇತ್ತು. ತಡವಾದರೆ ತಕ್ಕ ಕಾರಣ ತೋರಿಸಿ ಒಂದು ವರ್ಷದ ಒಳಗೆ ಹಾಕಬಹುದಿತ್ತು. ಬಡವರಿಗೆ ಇದರಿಂದ ತೊಂದರೆಯಾಗುತ್ತಿದೆ ಎಂದು 1994ರ ತಿದ್ದುಪಡಿಯಲ್ಲಿ ಸಂಸತ್ತು ಮಿತಿಯನ್ನೇ ತೆಗೆದುಹಾಕಿತು. ಆಮೇಲೆ ಕಾಲು ಶತಮಾನ ಕಾಲ ಯಾವಾಗ ಬೇಕಾದರೂ ಅರ್ಜಿ ಹಾಕಬಹುದಿತ್ತು. 2019ರ ತಿದ್ದುಪಡಿ ಅದನ್ನು ಮತ್ತೆ ತಂದಿತು, 2022ರ ಏಪ್ರಿಲ್ 1ರಿಂದ ಜಾರಿಗೂ ಬಂತು. ಈ ಸಲ ತಡವನ್ನು ಮನ್ನಿಸುವ ಸಾಲು ಕೂಡ ಇಲ್ಲ. ಇದನ್ನು ಪ್ರಶ್ನಿಸಿದ ಅರ್ಜಿಗಳು ಸುಪ್ರೀಂ ಕೋರ್ಟಿನಲ್ಲಿವೆ. ತಡವಾಯಿತು ಎಂಬ ಒಂದೇ ಕಾರಣಕ್ಕೆ ಪರಿಹಾರದ ಅರ್ಜಿಗಳನ್ನು ವಜಾ ಮಾಡಬಾರದು ಎಂದು 2025ರ ನವೆಂಬರ್‌ನಲ್ಲಿ ಆ ಕೋರ್ಟು ಮಧ್ಯಂತರ ಆದೇಶ ಕೊಟ್ಟಿತು. ಆರು ತಿಂಗಳು ದಾಟಿತೆಂದು ಕೈಚೆಲ್ಲಿ ಕುಳಿತ ಮನೆಯವರು ಈ ಆದೇಶದ ವಿಷಯ ತಿಳಿದುಕೊಳ್ಳಬೇಕು. ಆದರೆ ಮಧ್ಯಂತರ ಆದೇಶವನ್ನು ನಂಬಿ ಯಾರೂ ತಡ ಮಾಡಬಾರದು.

ಆರು ತಿಂಗಳು ಎಂದರೆ ಕಡಿಮೆಯೇನಲ್ಲ ಎಂದು ದೂರದಲ್ಲಿ ಕುಳಿತವರಿಗೆ ಅನಿಸಬಹುದು. ಕರಾವಳಿಯ ಒಂದು ಮನೆಯಲ್ಲಿ ಆ ದಿನಗಳು ಹೇಗೆ ಕಳೆಯುತ್ತವೆ ನೋಡಿ. ಮೊದಲ ಹದಿನೈದು ದಿನ ಕ್ರಿಯೆಗಳಿಗೆ ಹೋಗುತ್ತದೆ. ಗಂಡ ಹೋದ ಮೇಲೆ ಹೊರಗೆ ತಿರುಗಾಡಬಾರದು ಎಂದು ಎಷ್ಟೋ ಮನೆಗಳಲ್ಲಿ ಹೆಂಡತಿಯನ್ನು ತಿಂಗಳುಗಟ್ಟಲೆ ಒಳಗೇ ಇರಿಸುತ್ತಾರೆ. ಮರಣ ಪ್ರಮಾಣಪತ್ರ, ವಂಶವೃಕ್ಷ, ಆಧಾರ್‌ನಲ್ಲಿ ಇನಿಷಿಯಲ್ ತಪ್ಪಾದದ್ದು ಎಂದು ಗ್ರಾಮ ಪಂಚಾಯತು, ನಾಡಕಚೇರಿ ಸುತ್ತುವುದರಲ್ಲಿ ಮತ್ತೆ ಎರಡು ತಿಂಗಳು. ಮಧ್ಯೆ ಮಳೆಗಾಲ. ಇದರ ಮೇಲೆ ಸಂಕೋಚ. ಇದು ನಮ್ಮಲ್ಲಿ ಬಹಳ ದೊಡ್ಡದು. ಬಸ್ಸಿನ ಡ್ರೈವರ್ ಪಕ್ಕದ ಗ್ರಾಮದ ಹುಡುಗ, ಲಾರಿಯ ಮಾಲಕರು ದೇವಸ್ಥಾನದ ಸಮಿತಿಯಲ್ಲಿ ಜೊತೆಗಿದ್ದವರು. "ಅವನೂ ಪಾಪದವ, ಬೇಕೆಂದು ಮಾಡಿದ್ದಲ್ಲ, ಕೋರ್ಟಿಗೆ ಎಳೆಯುವುದು ಹೇಗೆ" ಎನ್ನುವ ಮಾತನ್ನು ಮಗನನ್ನು ಕಳೆದುಕೊಂಡ ತಂದೆಯ ಬಾಯಿಂದ ಕೇಳಿದ್ದೇನೆ. ಆ ತಂದೆಯ ದೊಡ್ಡತನಕ್ಕೆ ಕೈಮುಗಿಯುತ್ತೇನೆ. ಆದರೆ ವಾಹನಕ್ಕೆ ಚಾಲ್ತಿಯಲ್ಲಿರುವ ವಿಮೆ ಇದ್ದರೆ ಹಣ ಕೊಡುವುದು ವಿಮಾ ಕಂಪನಿ, ಡ್ರೈವರ್ ಅಲ್ಲ. ಆ ಮಾಲಕರು ಪ್ರತಿ ವರ್ಷ ಥರ್ಡ್ ಪಾರ್ಟಿ ಪ್ರೀಮಿಯಂ ಕಟ್ಟಿರುವುದೇ ಈ ದಿನಕ್ಕಾಗಿ. ಅರ್ಜಿ ಹಾಕದೆ ಉಳಿದರೆ ಅದರಿಂದ ಆ ಹುಡುಗನಿಗೆ ಉಪಕಾರ ಆಗುವುದಿಲ್ಲ. ಉಳಿತಾಯ ಆಗುವುದು ಕಂಪನಿಗೆ.

"ಸತ್ತವರ ಹೆಸರಿನಲ್ಲಿ ದುಡ್ಡು ಬೇಡ" ಎನ್ನುವವರೂ ಇದ್ದಾರೆ. ಅವರಿಗೆ ನಾನು ಹೇಳುವುದಿಷ್ಟೆ: ನ್ಯಾಯಮಂಡಳಿ ಲೆಕ್ಕ ಹಾಕುವುದು ಹೋದವರು ಬದುಕಿದ್ದರೆ ಈ ಮನೆಗೆ ತರುತ್ತಿದ್ದ ಅಕ್ಕಿ, ಮಕ್ಕಳ ಫೀಸು, ಅಮ್ಮನ ಮದ್ದು ಇವುಗಳನ್ನು. ಆ ಹಣ ಮಕ್ಕಳದ್ದು. ಬೇಡ ಎನ್ನುವ ಅಧಿಕಾರ ದೊಡ್ಡವರಿಗೂ ಇಲ್ಲ.

ಈಗ ಲೆಕ್ಕಕ್ಕೆ ಬರುತ್ತೇನೆ. ಇದು ವಕೀಲರ ಗುಟ್ಟೇನಲ್ಲ, ಯಾರು ಬೇಕಾದರೂ ಕಾಗದ ಪೆನ್ನು ಹಿಡಿದು ಮಾಡಬಹುದು. 2009ರ ಸರಳಾ ವರ್ಮಾ ತೀರ್ಪು ಮತ್ತು 2017ರ ಪ್ರಣಯ್ ಸೇಠಿ ತೀರ್ಪು, ಇವೆರಡರಲ್ಲಿ ಸುಪ್ರೀಂ ಕೋರ್ಟು ಇದರ ಸೂತ್ರವನ್ನು ಗಟ್ಟಿ ಮಾಡಿದೆ. ಕಟಪಾಡಿಯ ಮನೆಯನ್ನೇ ತೆಗೆದುಕೊಳ್ಳೋಣ. ತಿಂಗಳ ಆದಾಯ 18,000. ಸ್ವಂತ ಉದ್ಯೋಗ, ವಯಸ್ಸು ನಲವತ್ತರ ಒಳಗೆ, ಹಾಗಾಗಿ ಮುಂದೆ ಹೆಚ್ಚಬಹುದಾಗಿದ್ದ ಗಳಿಕೆ ಎಂದು ಶೇ. 40 ಸೇರಿಸಬೇಕು, 25,200 ಆಯಿತು. ಕಾಯಂ ನೌಕರಿಯವರಾಗಿದ್ದರೆ ಶೇ. 50. ಅವಲಂಬಿತರು ನಾಲ್ವರು, ಆದ್ದರಿಂದ ತೀರಿಕೊಂಡವರ ಸ್ವಂತ ಖರ್ಚಿಗೆಂದು ಕಾಲು ಭಾಗ ಕಳೆಯಬೇಕು, 18,900. ವರ್ಷಕ್ಕೆ 2,26,800. ಮೂವತ್ತೊಂದರಿಂದ ಮೂವತ್ತೈದರ ವಯಸ್ಸಿಗೆ ಗುಣಕ 16. ಗುಣಿಸಿದರೆ 36,28,800 ರೂಪಾಯಿ. ಇದರ ಮೇಲೆ ಸಾಂಗತ್ಯ ನಷ್ಟಕ್ಕೆಂದು ಹೆಂಡತಿ, ಇಬ್ಬರು ಮಕ್ಕಳು, ತಾಯಿ, ಪ್ರತಿಯೊಬ್ಬರಿಗೂ 48,400. ಅಂತ್ಯಕ್ರಿಯೆಗೆ 18,150, ಆಸ್ತಿ ನಷ್ಟಕ್ಕೆ 18,150. ಒಟ್ಟು 38,58,700. ಅರ್ಜಿ ಹಾಕಿದ ದಿನದಿಂದ ಬಡ್ಡಿ ಬೇರೆ.

ಇನ್ನು ಆದಾಯಕ್ಕೆ ಯಾವ ದಾಖಲೆಯೂ ಇಲ್ಲ ಎಂದುಕೊಳ್ಳಿ. ಆಗ ನ್ಯಾಯಮಂಡಳಿ ಒಂದು ಅಂದಾಜು ಆದಾಯ ಹಿಡಿಯುತ್ತದೆ. ಕರ್ನಾಟಕದಲ್ಲಿ ರಾಜ್ಯ ಕಾನೂನು ಸೇವಾ ಪ್ರಾಧಿಕಾರ ಲೋಕ್ ಅದಾಲತ್‌ಗೆಂದು ಮಾಡಿದ ಕೋಷ್ಟಕವನ್ನು ಅಪಘಾತ ಆದ ವರ್ಷಕ್ಕೆ ತಕ್ಕಂತೆ ಬಳಸುವುದು ರೂಢಿ. ಉದಾಹರಣೆಗೆ 14,000 ಎಂದು ಹಿಡಿದರೆ ಅದೇ ಸೂತ್ರದಲ್ಲಿ 36,28,800ರ ಬದಲು ಬರುವುದು 28,22,400. ಎಂಟು ಲಕ್ಷ ಆರು ಸಾವಿರದ ನಾನೂರು ರೂಪಾಯಿ ಕಡಿಮೆ. ಅವರ ವಯಸ್ಸಿಗೂ ಆ ಸಂಸಾರಕ್ಕೂ ತಿಂಗಳಿಗೆ ಸಾವಿರ ರೂಪಾಯಿ ಆದಾಯ ಸಾಬೀತಾಯಿತೆಂದರೆ ಪರಿಹಾರದಲ್ಲಿ ಎರಡು ಲಕ್ಷ ಹೆಚ್ಚು. ಒಲೆಗೆ ಹೋಗಬೇಕಿದ್ದ ಡೈರಿ ಎಷ್ಟರ ವಸ್ತು ಎಂದು ಈಗ ತಿಳಿಯಿತಲ್ಲ.

ದಕ್ಷಿಣ ಕನ್ನಡ, ಉಡುಪಿ, ನಮ್ಮ ಈ ಎರಡು ಜಿಲ್ಲೆಗಳಲ್ಲಿ ಸಂಬಳದ ಚೀಟಿ ಇರುವವರು ಎಷ್ಟು ಮಂದಿ? ಬೋಟಿನಲ್ಲಿ ಪಾಲು ಪಡೆಯುವವರಿದ್ದಾರೆ, ಗಾರೆ ಕೆಲಸದವರಿದ್ದಾರೆ, ರಾತ್ರಿ ಆಟ ಮುಗಿಸಿ ಬೆಳಗಿನ ಜಾವ ಬೈಕಿನಲ್ಲಿ ಮನೆಗೆ ಹೊರಡುವ ಯಕ್ಷಗಾನ ಕಲಾವಿದರಿದ್ದಾರೆ. ಆದಾಯ ಇದೆ, ಕಾಗದ ಇಲ್ಲ ಎಂದು ಮೇಲ್ನೋಟಕ್ಕೆ ಕಾಣುತ್ತದೆ. ಹುಡುಕಿದರೆ ಕಾಗದ ಇರುತ್ತದೆ. ಬೋಟಿನ ಲೆಕ್ಕ ಬರೆಯುವವರ ಪುಸ್ತಕದಲ್ಲಿ ಪಾಲಿನ ಹಂಚಿಕೆ ಇರುತ್ತದೆ. ಮೇಳದ ಯಜಮಾನರು ಕೊಟ್ಟ ಮುಂಗಡಕ್ಕೆ ಬರಹ ಇರುತ್ತದೆ. ಮೊಬೈಲಿನಲ್ಲಿ ಗೂಗಲ್ ಪೇ, ಫೋನ್ ಪೇ ಪಾವತಿಗಳಿರುತ್ತವೆ. ಕೆಲಸಕ್ಕೆ ಕರೆದವರ ವಾಟ್ಸ್ಆ್ಯಪ್ ಸಂದೇಶಗಳಿರುತ್ತವೆ. ಆ ಒಡೆದ ಮೊಬೈಲನ್ನು ದಯವಿಟ್ಟು ಯಾರಿಗೂ ಕೊಡಬೇಡಿ, ಸಿಮ್ ರದ್ದು ಮಾಡಬೇಡಿ. ಸ್ವಸಹಾಯ ಸಂಘದಿಂದ ಪಡೆದ ಸಾಲದ ಕಂತು ವಾರ ವಾರ ಕಟ್ಟಿದ ಪುಸ್ತಕವೂ ಸಾಕ್ಷಿಯೇ: ಇಷ್ಟು ಕಂತು ಕಟ್ಟುತ್ತಿದ್ದವನ ಆದಾಯ ಇಷ್ಟಾದರೂ ಇರಲೇಬೇಕು ಎಂದು ತೋರಿಸಬಹುದು. ಗಲ್ಫಿನಲ್ಲಿ ದುಡಿಯುತ್ತಿದ್ದು ರಜೆಗೆ ಬಂದಾಗ ತೀರಿಕೊಂಡವರಾದರೆ ಪಾಸ್‌ಪೋರ್ಟು, ವೀಸಾ, ಅಲ್ಲಿಯ ಕೆಲಸದ ಕರಾರು, ಎನ್‌ಆರ್‌ಇ ಖಾತೆಗೆ ಬಂದ ಹಣದ ವಿವರ ಎಲ್ಲವೂ ಬೇಕು. ಅಲ್ಲಿಯ ಕಂಪನಿಯಿಂದ ಪತ್ರ ತರಿಸುವುದು ಆರು ತಿಂಗಳಾದ ಮೇಲೆ ಬಹಳ ಕಷ್ಟ.

ಹೆಂಗಸರ ಲೆಕ್ಕವನ್ನು ಬೇರೆಯಾಗಿಯೇ ಹೇಳಬೇಕು. ತೀರಿಕೊಂಡವರು ಮನೆಯ ಹೆಂಗಸಾದರೆ ಪರಿಹಾರದ ಪ್ರಶ್ನೆಯೇ ಇಲ್ಲ ಎಂದು ಭಾವಿಸುವ ಮನೆಗಳು ಇವತ್ತಿಗೂ ಇವೆ. ಮನೆಕೆಲಸಕ್ಕೂ ಆರ್ಥಿಕ ಬೆಲೆ ಇದೆ, ಗೃಹಿಣಿಗೂ ಆದಾಯ ನಿಗದಿ ಮಾಡಲೇಬೇಕು, ಅದಕ್ಕೂ ಭವಿಷ್ಯದ ಹೆಚ್ಚಳ ಸೇರಿಸಬಹುದು ಎಂದು ಸುಪ್ರೀಂ ಕೋರ್ಟು 2021ರ ಕೀರ್ತಿ ಪ್ರಕರಣದಲ್ಲಿ ಸ್ಪಷ್ಟವಾಗಿ ಹೇಳಿದೆ. ಅಷ್ಟಕ್ಕೂ ಕರಾವಳಿಯಲ್ಲಿ ಬರೀ ಗೃಹಿಣಿ ಎನ್ನುವವರು ಎಲ್ಲಿದ್ದಾರೆ? ಬೀಡಿ ಕಟ್ಟುವ ಹೆಂಗಸಿಗೆ ಪಿಎಫ್ ಸಂಖ್ಯೆ ಇದೆ, ಎಲೆ ಹೊಗೆಸೊಪ್ಪು ಕೊಟ್ಟು ಬೀಡಿ ಪಡೆದ ಚೀಟಿ ಇದೆ. ದನ ಸಾಕಿದವರಿಗೆ ಹಾಲಿನ ಸೊಸೈಟಿಯ ಪುಸ್ತಕ ಇದೆ. ಶಂಕರಪುರದ ಸುತ್ತಿನ ಮನೆಗಳಲ್ಲಿ ದಿನಕ್ಕೆ ಎಷ್ಟು ಚೆಂಡು, ಎಷ್ಟು ಅಟ್ಟೆ ಮಲ್ಲಿಗೆ ಹೋಯಿತು, ಅಂದಿನ ದರ ಎಷ್ಟು ಎಂದು ಹೂವಿನ ಕಟ್ಟೆಯವರ ಪುಸ್ತಕದಲ್ಲಿ ತಾರೀಕು ಸಮೇತ ಇರುತ್ತದೆ. ಇಷ್ಟು ಬರಹ ಇದ್ದೂ ಅರ್ಜಿಯಲ್ಲಿ "ಗೃಹಿಣಿ" ಎಂಬ ಒಂದೇ ಪದ ಬರೆದು ಮುಗಿಸಿದ್ದನ್ನು ಕಂಡಾಗ ನನಗೆ ನಿಜಕ್ಕೂ ಸಂಕಟವಾಗುತ್ತದೆ. ಮುಂಜಾನೆ ಮೂರು ಗಂಟೆಗೆ ಎದ್ದು ಮೊಗ್ಗು ಕೊಯ್ದವಳ ದುಡಿಮೆ ಅವಳು ಸತ್ತ ಮೇಲೂ ಲೆಕ್ಕಕ್ಕೆ ಬರಲಿಲ್ಲ.

ಅರ್ಜಿ ಹಾಕಲು ಯಾರಿಗೆ ಹಕ್ಕು ಎಂಬುದೂ ನಮ್ಮಲ್ಲಿ ಸ್ವಲ್ಪ ವಿಶೇಷ. ಅಳಿಯಕಟ್ಟಿನ, ಅಂದರೆ ತಾಯಿಯ ಕಡೆಯಿಂದ ವಂಶ ಎಣಿಸುವ, ಹಳೆಯ ಮನೆಗಳಲ್ಲಿ ಮದುವೆಯಾಗದ ಮಾವನ ದುಡಿಮೆಯಲ್ಲಿ ಅಕ್ಕ, ಅಕ್ಕನ ಮಕ್ಕಳು ಬದುಕಿರುತ್ತಾರೆ. ವಾರಸು ಕಾನೂನು ಬದಲಾಗಿ ದಶಕಗಳಾದರೂ ಬದುಕು ಹಾಗೆಯೇ ಉಳಿದಿದೆ. ಇಲ್ಲಿ ಸುಪ್ರೀಂ ಕೋರ್ಟು ಉದಾರವಾಗಿದೆ. ಅಣ್ಣತಮ್ಮಂದಿರೂ ಪರಿಹಾರ ಕೇಳಬಹುದು ಎಂದು 1987ರಲ್ಲೇ ಹೇಳಿತ್ತು. ಅಳಿಯನ ಮನೆಯಲ್ಲಿ ವಾಸವಾಗಿದ್ದ ಅತ್ತೆಯೂ ಕಾನೂನು ಪ್ರತಿನಿಧಿಯೇ ಎಂದು 2021ರಲ್ಲಿ ಹೇಳಿತು. ಯಾರು ಆ ದುಡಿಮೆಯನ್ನು ನಂಬಿ ಬದುಕಿದ್ದರು ಎಂಬುದೇ ಮುಖ್ಯ. ಒಂದೇ ಪಡಿತರ ಚೀಟಿಯಲ್ಲಿ ಹೆಸರಿದ್ದರೆ ಅದನ್ನು ಜೋಪಾನ ಮಾಡಿ.

ಇನ್ನು ತಪ್ಪು ಯಾರದ್ದು ಎಂಬ ಪ್ರಶ್ನೆ. ಮೊತ್ತ ದೊಡ್ಡದಾಗಿ ಕತ್ತರಿಸಿಹೋಗುವುದು ಇಲ್ಲಿ. ಸ್ಥಳ ಮಹಜರಿನ ಜೊತೆ ಪೊಲೀಸರು ಒಂದು ನಕ್ಷೆ ಬರೆಯುತ್ತಾರೆ. ರಸ್ತೆ ಯಾವ ದಿಕ್ಕಿಗೆ, ಡಿವೈಡರ್ ಎಲ್ಲಿ, ಬೈಕ್ ಬಿದ್ದದ್ದು ಎಲ್ಲಿ, ಅಷ್ಟೇ. ವರ್ಷಗಳ ನಂತರ ಕಂಪನಿಯ ವಕೀಲರು ಆ ಒಂದು ಹಾಳೆಯನ್ನು ಹಿಡಿದು, ಸ್ಕೂಟರಿನವರೇ ವಿರುದ್ಧ ದಿಕ್ಕಿನಲ್ಲಿ ಬರುತ್ತಿದ್ದರು, ಅವರದ್ದೂ ಶೇ. 25 ತಪ್ಪಿದೆ ಎನ್ನುತ್ತಾರೆ. ಮೇಲಿನ ಲೆಕ್ಕದಲ್ಲಿ ಶೇ. 25 ಎಂದರೆ 9,64,675 ರೂಪಾಯಿ. ರಾಷ್ಟ್ರೀಯ ಹೆದ್ದಾರಿ 66ರಲ್ಲಿ ತಲಪಾಡಿಯಿಂದ ಕುಂದಾಪುರದವರೆಗೆ ದಿನಾ ಓಡಾಡುವವರಿಗೆ ಇದರ ಹಿಂದಿನ ಕಥೆ ಗೊತ್ತು. ಸರ್ವಿಸ್ ರಸ್ತೆ ಅಲ್ಲಲ್ಲಿ ತುಂಡಾಗಿದೆ, ಡಿವೈಡರ್ ತೆರವು ದೂರದಲ್ಲಿದೆ, ಎದುರಿನ ಅಂಗಡಿಗೆ ಹೋಗಬೇಕಾದರೆ ಸುತ್ತು ಹಾಕಬೇಕು. ಊರಿನವರು ಅಂಚಿನಲ್ಲಿ ಉಲ್ಟಾ ಬರುತ್ತಾರೆ. ಅದು ಅಪಾಯ, ಅದನ್ನು ಸಮರ್ಥಿಸುತ್ತಿಲ್ಲ. ಆದರೆ ರಸ್ತೆಯನ್ನು ಹಾಗೆ ಕಟ್ಟಿದವರ ಪಾಲು ನಕ್ಷೆಯಲ್ಲಿ ಎಲ್ಲೂ ಬರುವುದಿಲ್ಲ. ಹೊಂಡಕ್ಕೆ ಬಿದ್ದ ಸವಾರನ ಮೇಲೆ ಲಾರಿ ಹರಿದರೆ ಕಾಗದದಲ್ಲಿ ಉಳಿಯುವುದು ಲಾರಿ ಮತ್ತು ಸವಾರ ಮಾತ್ರ. ರಸ್ತೆಯ ಗುಣಮಟ್ಟ ಕಾಪಾಡದ ಗುತ್ತಿಗೆದಾರ, ಪ್ರಾಧಿಕಾರಕ್ಕೆ ಒಂದು ಲಕ್ಷದವರೆಗೆ ದಂಡ ಹಾಕಬಹುದಾದ 198ಎ ಕಲಂ ಕಾಯ್ದೆಯಲ್ಲಿದೆ. ಅದನ್ನು ಬಳಸಿ ಎಂದು ಕೇಳುವುದು ನಮ್ಮೆಲ್ಲರ ಕೆಲಸ.

ಹಾಗಾಗಿ ಮನೆಯ ಯಾರಾದರೂ ಒಬ್ಬರು, ಬಾವನೋ ಚಿಕ್ಕಪ್ಪನೋ, ಎರಡು ಮೂರು ದಿನದ ಒಳಗೆ ಜಾಗಕ್ಕೆ ಹೋಗಿ ಫೋಟೋ ತೆಗೆಯಬೇಕು: ಬೀದಿದೀಪ ಇದೆಯೇ, ಹೊಂಡ ಎಲ್ಲಿದೆ, ಬ್ರೇಕಿನ ಗುರುತು ಎಷ್ಟು ಉದ್ದ. ಸುತ್ತಲಿನ ಅಂಗಡಿ, ಪೆಟ್ರೋಲ್ ಬಂಕಿನ ಸಿಸಿ ಕ್ಯಾಮೆರಾದ ದೃಶ್ಯವನ್ನು ಉಳಿಸಿಕೊಡಲು ಬರಹದಲ್ಲಿ ಕೇಳಬೇಕು, ಕೆಲವೇ ವಾರಗಳಲ್ಲಿ ಅದರ ಮೇಲೆ ಹೊಸದು ದಾಖಲಾಗಿ ಹಳೆಯದು ಅಳಿದುಹೋಗುತ್ತದೆ. ನಕ್ಷೆಯಲ್ಲಿ ತಪ್ಪಿದ್ದರೆ ಆಗಲೇ ಠಾಣೆಗೂ ಮೇಲಧಿಕಾರಿಗೂ ಆಕ್ಷೇಪ ಕೊಟ್ಟು ಸ್ವೀಕೃತಿ ಪಡೆಯಬೇಕು. ಇಲ್ಲಿ ಒಂದು ಸಮಾಧಾನದ ವಿಷಯವೂ ಇದೆ. ಬೈಕಿನಲ್ಲಿ ಮೂವರಿದ್ದರು ಎಂಬ ಒಂದೇ ಕಾರಣಕ್ಕೆ ಪರಿಹಾರ ಕತ್ತರಿಸಬಾರದು, ಅದರಿಂದಲೇ ಅಪಘಾತ ಆಯಿತೆಂದು ತೋರಿಸಬೇಕು ಎಂದು ಸುಪ್ರೀಂ ಕೋರ್ಟು 2020ರಲ್ಲಿ ಹೇಳಿದೆ. ಲೈಸೆನ್ಸ್ ಇಲ್ಲದಿರುವುದೇ ಅಪಘಾತದಲ್ಲಿ ಸವಾರನ ಪಾಲು ಆಗುವುದಿಲ್ಲ ಎಂಬುದೂ 2008ರಿಂದ ಇರುವ ಮಾತು.

ತಪ್ಪು ಪೂರ್ತಿಯಾಗಿ ತೀರಿಕೊಂಡವರದ್ದೇ ಆಗಿದ್ದರೆ? ಆಗ 166ರ ಬಾಗಿಲು ಮುಚ್ಚುತ್ತದೆ. ಅರಸೀಕೆರೆ ಬಳಿ 2014ರಲ್ಲಿ ಅತಿವೇಗದಿಂದ ಕಾರು ಮಗುಚಿ ಚಾಲಕ ತೀರಿಕೊಂಡ ಪ್ರಕರಣದಲ್ಲಿ ಕುಟುಂಬಕ್ಕೆ ಪರಿಹಾರ ಇಲ್ಲ ಎಂದ ಕರ್ನಾಟಕ ಹೈಕೋರ್ಟಿನ ತೀರ್ಪನ್ನು ಸುಪ್ರೀಂ ಕೋರ್ಟು 2025ರ ಜುಲೈಯಲ್ಲಿ ಎತ್ತಿಹಿಡಿಯಿತು. ಆದರೆ ವಾಹನದ ಮಾಲಕರೇ ಓಡಿಸುತ್ತಿದ್ದು, ಲೈಸೆನ್ಸ್ ಇದ್ದು, ಪಾಲಿಸಿಯ ಜೊತೆ ಕಡ್ಡಾಯ ವೈಯಕ್ತಿಕ ಅಪಘಾತ ವಿಮೆ ಕಟ್ಟಿದ್ದರೆ 15 ಲಕ್ಷ ಸಿಗುತ್ತದೆ. ಇದು ಎಷ್ಟೋ ಮನೆಗೆ ತಿಳಿದೇ ಇಲ್ಲ. ಆರ್‌ಸಿ ಯಾರ ಹೆಸರಿನಲ್ಲಿದೆ ಎಂಬುದು ಇಲ್ಲಿ ಮುಖ್ಯ. ಅಣ್ಣನ ಹೆಸರಿನ ಬೈಕನ್ನು ತಮ್ಮ ಓಡಿಸಿದರೆ ಆ ವಿಮೆ ಅನ್ವಯಿಸುವುದಿಲ್ಲ. ಹಾಗೆಯೇ ಗಂಡ ಓಡಿಸುವ ಸ್ಕೂಟರಿನಿಂದ ಹಂಪಿನಲ್ಲಿ ಬಿದ್ದು ಹಿಂದೆ ಕುಳಿತ ಹೆಂಡತಿ ಹೋದರೆ, ಬರೀ ಥರ್ಡ್ ಪಾರ್ಟಿ ಪಾಲಿಸಿಯಲ್ಲಿ ಅವಳಿಗೆ ರಕ್ಷಣೆ ಇಲ್ಲ. ಪ್ಯಾಕೇಜ್ ಪಾಲಿಸಿ ಬೇಕು. ಹಿಂದೆ ಕುಳಿತು ಹೋಗುವುದು ನಮ್ಮ ಊರಿನಲ್ಲಿ ಹೆಚ್ಚಾಗಿ ಹೆಂಗಸರು ಮತ್ತು ಮಕ್ಕಳು. ನಾಲ್ಕು ಕಾಸು ಉಳಿಸಲು ಹೋಗಿ ಅವರನ್ನೇ ವಿಮೆಯಿಂದ ಹೊರಗಿಡುತ್ತಿದ್ದೇವೆ ಎಂದು ಪಾಲಿಸಿ ನವೀಕರಿಸುವಾಗ ನೆನಪಿರಲಿ.

ಬಡಿದ ವಾಹನ ಸಿಕ್ಕದೇ ಹೋದರೆ ಬೇರೆ ಯೋಜನೆ ಇದೆ. 2022ರ ಏಪ್ರಿಲ್‌ನಿಂದ ಸಾವಿಗೆ 2 ಲಕ್ಷ, ತೀವ್ರ ಗಾಯಕ್ಕೆ 50 ಸಾವಿರ. ಮೊದಲು ಸಾವಿಗೆ 25 ಸಾವಿರ ಇತ್ತು. ಅರ್ಜಿ ಕೊಡಬೇಕಾದ್ದು ನ್ಯಾಯಮಂಡಳಿಗಲ್ಲ, ಕಂದಾಯ ಇಲಾಖೆಯ ವಿಚಾರಣಾಧಿಕಾರಿಗೆ. ಮಂಜೂರು ಮಾಡುವವರು ಜಿಲ್ಲಾಧಿಕಾರಿ. ಇಡೀ ದೇಶದಲ್ಲಿ 2022–23ರಲ್ಲಿ ಬಂದ ಅರ್ಜಿ 205, ಇತ್ಯರ್ಥವಾದದ್ದು 95 ಎಂಬ ಅಂಕಿಯನ್ನು ನೋಡಿ ಸುಪ್ರೀಂ ಕೋರ್ಟೇ 2024ರ ಜನವರಿಯಲ್ಲಿ ಬೇಸರಪಟ್ಟಿತು. ವಾಹನ ಪತ್ತೆಯಾಗದೆ ಒಂದು ತಿಂಗಳಾದರೆ ಈ ಯೋಜನೆಯ ಬಗ್ಗೆ ಪೊಲೀಸರೇ ಮನೆಯವರಿಗೆ ಬರಹದಲ್ಲಿ ತಿಳಿಸಬೇಕೆಂದು ಆದೇಶಿಸಿತು.

ಪೊಲೀಸರ ಪಾಲಿನ ಕೆಲಸ ಇನ್ನೂ ಇದೆ, ಇಡೀ ವ್ಯವಸ್ಥೆಯಲ್ಲಿ ನಾನು ಹೆಚ್ಚು ನಂಬಿಕೆ ಇಟ್ಟಿರುವುದೂ ಅದರ ಮೇಲೆಯೇ. 2022ರ ಕೇಂದ್ರ ನಿಯಮಗಳ ಪ್ರಕಾರ ಅಪಘಾತದ ಮೊದಲ ವರದಿ 48 ಗಂಟೆಯೊಳಗೆ ನ್ಯಾಯಮಂಡಳಿಗೂ ವಿಮಾ ಕಂಪನಿಗೂ ಹೋಗಬೇಕು. 50 ದಿನದಲ್ಲಿ ಮಧ್ಯಂತರ ವರದಿ, 90 ದಿನದಲ್ಲಿ ವಿವರವಾದ ವರದಿ. ಈ ವರದಿಯನ್ನೇ ನ್ಯಾಯಮಂಡಳಿ ಪರಿಹಾರದ ಅರ್ಜಿ ಎಂದು ಪರಿಗಣಿಸಬಹುದು. ಎಲ್ಲ ರಾಜ್ಯಗಳೂ ಇದನ್ನು ಪಾಲಿಸಬೇಕೆಂದು 2022ರ ಡಿಸೆಂಬರ್‌ನಲ್ಲಿ ಗೋಹರ್ ಮೊಹಮ್ಮದ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ನಿರ್ದೇಶನ ಕೊಟ್ಟಿತು. ವರದಿ ಬಂದ 30 ದಿನದೊಳಗೆ ವಿಮಾ ಕಂಪನಿ ತಾನಾಗಿಯೇ ಇಷ್ಟು ಕೊಡುತ್ತೇನೆಂದು ಮುಂದೆ ಬರಬೇಕು. ಸರಿಯಾಗಿ ನಡೆದರೆ ಪರಿಹಾರ ಕೊಡಿಸುತ್ತೇವೆಂದು ಮನೆಗೆ ಬರುವ ಏಜೆಂಟರ ಅಗತ್ಯವೇ ಇಲ್ಲ, ಆರು ತಿಂಗಳ ಭಯವೂ ಇಲ್ಲ. ನಾನು ಮಾತಾಡಿಸಿದ ಕುಟುಂಬಗಳಲ್ಲಿ ಒಂದಕ್ಕೂ ಇಂಥ ವರದಿ ಇರುವುದು ಗೊತ್ತಿರಲಿಲ್ಲ. ಠಾಣೆಗೆ ಹೋದಾಗ "ವಿವರವಾದ ಅಪಘಾತ ವರದಿ ನ್ಯಾಯಮಂಡಳಿಗೆ ಹೋಗಿದೆಯೇ, ನಮಗೆ ಪ್ರತಿ ಕೊಡಿ" ಎಂದು ಕೇಳಿ. ಕೇಳುವ ಹಕ್ಕಿದೆ.

ತಪ್ಪು ಯಾರದ್ದೆಂದು ಸಾಬೀತು ಮಾಡದೆಯೂ 164ನೇ ಕಲಂ ಪ್ರಕಾರ ಸಾವಿಗೆ 5 ಲಕ್ಷ ಪಡೆಯಬಹುದು. ಬೇಗ ಸಿಗುತ್ತದೆ ಎಂಬ ಆಸೆ ಸಹಜ. ಆದರೆ ಅದನ್ನು ಒಪ್ಪಿ ತೆಗೆದುಕೊಂಡರೆ 166ರ ಅರ್ಜಿ ಅಲ್ಲಿಗೆ ಬಿದ್ದುಹೋಗುತ್ತದೆ. ಮೂವತ್ತೆಂಟು ಲಕ್ಷದ ಹಕ್ಕು ಐದು ಲಕ್ಷಕ್ಕೆ ಮುಗಿಯಿತು. ಮಾಲಕರ ಕಡೆಯವರು ತಂದುಕೊಡುವ ಹಣಕ್ಕೆ, "ಇನ್ನು ಏನೂ ತಕರಾರಿಲ್ಲ" ಎಂಬ ಬಾಂಡ್ ಕಾಗದಕ್ಕೆ ಸಹಿ ಹಾಕುವ ಮೊದಲು ನಾಲ್ಕು ದಿನ ಸಮಯ ಕೇಳಿ. ಖಾಲಿ ಕಾಗದಕ್ಕಂತೂ ಬೇಡವೇ ಬೇಡ.

ಏಜೆಂಟರ ಮಾತು ಬಂತು. ಶೇ. 20, 25 ಕಮಿಷನ್ ಎಂದು ಕೇಳಿಕೊಂಡು ಬರುವವರಿದ್ದಾರೆ. ಬಂದ ಪರಿಹಾರದಲ್ಲಿ ಪಾಲು ಎಂದು ಫೀಸು ನಿಗದಿ ಮಾಡುವುದು ವಕೀಲರಿಗೇ ನಿಷಿದ್ಧ, ಬಾರ್ ಕೌನ್ಸಿಲ್ ನಿಯಮವೇ ಅದು. ಹೆಂಗಸರು ಮತ್ತು ಮಕ್ಕಳಿಗೆ, ಆದಾಯ ಎಷ್ಟೇ ಇರಲಿ, 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯಂತೆ ಉಚಿತವಾಗಿ ವಕೀಲರು ಸಿಗುತ್ತಾರೆ. ಮಂಗಳೂರಿನಲ್ಲೂ ಉಡುಪಿಯಲ್ಲೂ ಜಿಲ್ಲಾ ಪ್ರಾಧಿಕಾರದ ಕಚೇರಿ ಇದೆ, 15100ಕ್ಕೆ ಫೋನ್ ಮಾಡಿದರೂ ಆಗುತ್ತದೆ. ಹಣ ಬಂದಾಗ ಮಕ್ಕಳ ಪಾಲು ಅವರಿಗೆ ಹದಿನೆಂಟು ತುಂಬುವವರೆಗೆ ಠೇವಣಿಯಲ್ಲಿರುತ್ತದೆ. ಉಳಿದವರ ಪಾಲನ್ನು ನೇರವಾಗಿ ಅವರ ಬ್ಯಾಂಕ್ ಖಾತೆಗೇ ಹಾಕಬೇಕೆಂದು ಸುಪ್ರೀಂ ಕೋರ್ಟು 2025ರ ಮಾರ್ಚ್‌ನಲ್ಲಿ ಹೇಳಿದೆ. ಮಧ್ಯದವರ ಕೈ ಸೋಕಬಾರದೆಂದೇ ಈ ಏರ್ಪಾಡು. ಮೊತ್ತ ಕಡಿಮೆಯಾಯಿತೆಂದು ಮೇಲ್ಮನವಿ ಹಾಕಲು 90 ದಿನ. ಅದಕ್ಕೆ ಬೆಂಗಳೂರಿಗೇ ಹೋಗಬೇಕು, ಕರಾವಳಿಯಲ್ಲಿ ಹೈಕೋರ್ಟಿನ ಪೀಠ ಇಲ್ಲ. ಮಂಗಳೂರಿಗೆ ಪೀಠ ಬೇಕೆಂಬ ಬೇಡಿಕೆಗೆ ಈ ಕುಟುಂಬಗಳಿಗಿಂತ ದೊಡ್ಡ ಕಾರಣ ನನಗೆ ಕಾಣುವುದಿಲ್ಲ.

ಕಟಪಾಡಿಯ ಆ ಮನೆಯಲ್ಲಿ ಗೋಡೆಯ ಮೇಲಿದ್ದ ಕ್ಯಾಲೆಂಡರಿನಲ್ಲಿ ಆರನೆಯ ತಿಂಗಳ ತಾರೀಕಿಗೆ ಮಗಳು ಕೆಂಪು ಪೆನ್ನಿನಲ್ಲಿ ಸುತ್ತು ಹಾಕಿದಳು. ಆಮೇಲೆ ನಾವು ಡೈರಿಯ ಕೊನೆಯ ಪುಟ ತೆಗೆದೆವು. ಶನಿವಾರ, ಅರ್ಧ ದಿನ, 450, ಬಾಕಿ ಎಂದಿತ್ತು. ಪಕ್ಕದಲ್ಲಿ ಮನೆಯ ಹೆಸರು. ಮರುದಿನ ಆಕೆಯ ತಮ್ಮ ಆ ಮನೆಗೆ ಹೋದ. ಅವರಿಗೆ ಸಾವಿನ ಸುದ್ದಿ ಗೊತ್ತಿತ್ತು, ಬಾಕಿಯನ್ನು ಯಾರ ಕೈಗೆ ಕೊಡುವುದೆಂದು ತಿಳಿಯದೆ ಉಳಿಸಿಕೊಂಡಿದ್ದರು. 450 ರೂಪಾಯಿ ಕೊಟ್ಟರು, ನ್ಯಾಯಮಂಡಳಿಗೆ ಬಂದು ಸಾಕ್ಷಿ ಹೇಳಲು ಒಪ್ಪಿಕೊಂಡರು.